ಏಣಿ ತೋರ್ಸಿದ್ರಾ?

ಮಾಗಡಿ ರೋಡಿನ ಟಾಕೀಸು, ಬೆಳಗಿನ ಹತ್ತೂವರೆ ಆಟ.
ಸಿನಿಮಾದವರು ಕಳಿಸಿದ ಪುಕ್ಕಟೆ ಪಾಸು,
ಗುಲಾಬಿ ಬಣ್ಣ, ಹಿಂದೆ ಮೊಹರು.
ಹನ್ನೊಂದು ಜನರಲ್ಲಿ ಬಂದವರು ಏಳು.
ಲೂರ್ದಮ್ಮನಿಗೆ ಡಬಲ್ ಡ್ಯೂಟಿ,
ಮುನಿತಾಯಿಗೆ ಕತ್ತಲಾದರೆ ಈಗಲೂ ಉಸಿರು ಕಟ್ಟುತ್ತದೆ,
ಇನ್ನಿಬ್ಬರು ಊರೇ ಬಿಟ್ಟಿದ್ದಾರೆ.
ದಸ್ತಗೀರಣ್ಣ ತಾನೊಲ್ಲೆನೆಂದು ಕೊಟ್ಟ ಪಾಸಿನಲ್ಲಿ
ರುದ್ರಿಯ ತಂಗಿ, ಸಾಲಿನ ಕೊನೆಯ ಸೀಟು.

ಪರದೆಯ ಮೇಲೆ ಮೊದಲು ಬಂದದ್ದು ನಮ್ಮ ಊದುಬತ್ತಿ ಫ್ಯಾಕ್ಟರಿ.
ಎಷ್ಟು ಚೆಂದ! ಕಿಟಕಿಯಿಂದ ಬಿಸಿಲು ಕೋಲು ಕೋಲಾಗಿ ಇಳಿಯುತ್ತಿತ್ತು.
ನಮ್ಮ ಕಿಟಕಿಗೆ ತಗಡು ಹೊಡೆದಿದ್ದರು.
ಹುಡುಗಿಯರು ಹಾಡುತ್ತ ಬತ್ತಿ ಹೊಸೆಯುತ್ತಿದ್ದರು;
ಸಾವಿರಕ್ಕೆ ಇಷ್ಟೆಂದು ಎಣಿಸುವಾಗ ಯಾವ ಹಾಡಮ್ಮ?
ಇದ್ದಿಲ ಪುಡಿಯನ್ನು ಅವರ ಕೆನ್ನೆಗೆ ಅಳೆದು ಹಚ್ಚಿದ್ದರು,
ದೃಷ್ಟಿಬೊಟ್ಟಿನ ಹಾಗೆ.

ಆಮೇಲೆ ಬೆಂಕಿ.
ಸಿನಿಮಾದ ಬೆಂಕಿ ಗರ್ಜಿಸುತ್ತದೆ, ಅದಕ್ಕೆ ನಗಾರಿ ಬೇರೆ.
ನಮ್ಮ ಬೆಂಕಿ ಬಾಯಿ ಬಿಡಲಿಲ್ಲ.
ಮೊದಲು ಬಂದದ್ದು ವಾಸನೆ:
ಸಂಪಿಗೆ, ಗಂಧ, ಮಲ್ಲಿಗೆ,
ಸಾವಿರ ದೇವರ ಮನೆ ಒಟ್ಟಿಗೇ ಹೊತ್ತಿದ ಹಾಗೆ.
ಇವತ್ತಿಗೂ ನಮ್ಮ ಮನೆಯಲ್ಲಿ ದೇವರಿಗೆ ಬರೀ ದೀಪ.

ಹೀರೋ ಬಂದ.
ಟೆರೇಸಿನಿಂದ ಟೆರೇಸಿಗೆ ನೆಗೆದ.
ಮುಂದಿನ ಸಾಲಿನ ಹುಡುಗರು ಚಿಲ್ಲರೆ ತೂರಿದರು.
ಒಬ್ಬೊಬ್ಬಳನ್ನೇ ಹೂವಿನ ಹಾರದ ಹಾಗೆ ಹೆಗಲಿಗೆ ಹಾಕಿಕೊಂಡು
ಮತ್ತೆ ನೆಗೆದ.
"ನನ್ನನ್ನ ಎತ್ಕೊಂಡು ನೆಗೀಲಿ, ನೋಡೋಣ"
ಅಂದಳು ಎಂಬತ್ತು ಕೇಜಿಯ ಕೆಂಪಚೆನ್ನಿ.
ಬಾಯಿಗೆ ಸೆರಗು ತುರುಕಿಕೊಂಡು ನಕ್ಕೆವು.

ಅಲ್ಲಿದ್ದದ್ದು ಒಂದು ಏಣಿ.
ಹದಿನಾಲ್ಕು ಮೆಟ್ಟಿಲ ಬಿದಿರೇಣಿ,
ಮೂರನೆಯದು ಮುರಿದು, ತೆಂಗಿನ ನಾರಿನ ಹಗ್ಗ ಸುತ್ತಿದ್ದು,
ಮೈತುಂಬ ಯಾರ್ಯಾರದೋ ಗೋಡೆಯ ಬಣ್ಣ.
ಪಕ್ಕದ ಕಟ್ಟಡಕ್ಕೆ ಪೇಂಟ್ ಹೊಡೆಯುತ್ತಿದ್ದ ದಸ್ತಗೀರಣ್ಣ
ಅದನ್ನು ಗಲ್ಲಿಯ ಮೇಲೆ ಅಡ್ಡ ಮಲಗಿಸಿ
ಆಚೆ ತುದಿಯ ಮೇಲೆ ತಾನೇ ಕೂತುಬಿಟ್ಟ.
ಕೆಳಗೆ ಗುಜರಿ ಅಂಗಡಿಯ ವೇಲು
ಹಳೇ ಹಾಸಿಗೆಗಳನ್ನೆಲ್ಲ ಎಳೆದೆಳೆದು ಹಾಸುತ್ತಿದ್ದ.
"ಕೆಳಗೆ ನೋಡ್ಬೇಡ ತಾಯಿ, ನನ್ನ ಮುಖ ನೋಡು."
ನೋಡಿದೆ. ಹಸಿರು ಪೇಂಟ್ ಮೆತ್ತಿದ ಒಂದು ಹುಬ್ಬು.
ಆ ಹುಬ್ಬನ್ನೇ ಹಿಡಿದುಕೊಂಡು ಅಂಬೆಗಾಲಿಟ್ಟು ದಾಟಿದೆ,
ಎರಡು ಮಕ್ಕಳ ತಾಯಿ, ಮೂವತ್ತೆರಡು ವರ್ಷದವಳು.

ಹತ್ತಿದ ಏಣಿ ಒದೆಯುವವರನ್ನು ಕಂಡಿದ್ದೇನೆ.
ಈ ಸಿನಿಮಾ ಒದೆಯಲೂ ಇಲ್ಲ,
ಏಣಿಯೇ ಇರಲಿಲ್ಲ ಅಂದುಬಿಟ್ಟಿತು.
ಎದ್ದು ಹೋಗುವವಳಿದ್ದೆ, ಚಪ್ಪಲಿಗೆ ಕಾಲು ತೂರಿಸಿದ್ದೆ,

ಆಗ ಹೊಗೆಯೊಳಗಿಂದ ಹನ್ನೆರಡನೆಯವಳು ಬಂದಳು.

ರುದ್ರಿ.
ಕೂಲಿ ಚೀಟಿ ತರ್ತೀನೆಂದು ತಿರುಗಿ ಒಳಗೆ ಹೋದ ರುದ್ರಿ.
ಏಣಿಯ ಈಚೆ ತುದಿ ಹೊತ್ತಿಕೊಂಡ ಮೇಲೂ
ದಸ್ತಗೀರಣ್ಣ ಬರಿಗೈಲಿ ಹಿಡಿದು ಕಾದ ರುದ್ರಿ.
ಪರದೆಯ ಮೇಲೆ ಕೆಮ್ಮುತ್ತ ಬಂದಳು. ಹೀರೋ ಕೈ ನೀಡಿದ.
ಬಿಸಿಲಿಗೆ ಬಂದು, ಕಣ್ಣು ಕಿರಿದು ಮಾಡಿ, ನಕ್ಕಳು.

ಸಾಲಿನ ಕೊನೆಯಲ್ಲಿ ಅವಳ ತಂಗಿ
ಎರಡು ಬೆರಳು ಬಾಯಿಗಿಟ್ಟು ಸಿಳ್ಳೆ ಹೊಡೆದಳು.
"ನಾಕ್ನೇ ಸಲ ಅಕ್ಕ. ಈ ಸೀನಾದ್ಮೇಲೆ ಎದ್ದುಹೋಗ್ತೀನಿ,
ಮುಂದಿಂದು ನಂಗೆ ಬೇಡ."
ಟಾರ್ಚಿನವನು ಬಾಗಿಲು ಸರಿಸಿದ; ಒಂದು ಕ್ಷಣ ಬೆಳಕು, ಮತ್ತೆ ಕತ್ತಲೆ.
ನನ್ನ ಸಿಟ್ಟು ಎಲ್ಲಿಡಬೇಕೋ ತಿಳಿಯಲಿಲ್ಲ.
ಚಪ್ಪಲಿಯಿಂದ ಕಾಲು ತೆಗೆದೆ.

ಹೊರಗೆ ಹೀರೋನ ನಲವತ್ತಡಿ ಕಟೌಟು, ಎದೆಯಲ್ಲಿ ಒಣಗಿದ ಹಾಲು.
ಹಿಂದುಗಡೆ ಹೋಗಿ ನೋಡಿದೆ:
ಬಿದಿರು, ನಾರಿನ ಹಗ್ಗ.

ಸಂಜೆ ಕಾಮಾಕ್ಷಿಪಾಳ್ಯಕ್ಕೆ ಹೋದೆ.
ದಸ್ತಗೀರಣ್ಣ ಈಗ ಏಣಿ ಹತ್ತುವುದಿಲ್ಲ,
ನೆಲದ ಮೇಲೆ ನಿಂತು ಗೇಟುಗಳಿಗಷ್ಟೇ ಬಣ್ಣ.
ಬೆರಳು ಮಡಿಸಲು ಬಾರದ ಕೈ,
ಎರಡು ಮಣಿಕಟ್ಟಿನ ನಡುವೆ ಟೀ ಲೋಟ.
"ಹುಡುಗ್ರೆಲ್ಲ ಚೆನ್ನಾಗೈತೆ ಅಂತವ್ರೆ," ಅಂದ. ಸುಮ್ಮನಾದ. ಮತ್ತೆ,
"ಏಣಿ ತೋರ್ಸಿದ್ರಾ?"

"ತೋರ್ಸಿದ್ರು."

"ಮೂರ್ನೇ ಮೆಟ್ಲು?"

"ಹಗ್ಗ ಸುತ್ತಿತ್ತು, ಅಣ್ಣ."